ತಟ್ಟೆಯಡಿಯ ಹುಣಸೆ

ಸರ್ವಮಂಗಳಾಳ ಗಂಟಲು ದಿನಾ ಬೆಳಿಗ್ಗೆ ಒಂಬತ್ತಕ್ಕೆ ಸರಿಯಾಗಿ ಉಬ್ಬಿ ಬರುತ್ತಿತ್ತು. ಹಾಗೆ ಉಬ್ಬಿ ಬರುವುದಕ್ಕೇ ಅವಳಿಗೆ ಸಂಬಳ ಕೊಡುತ್ತಿದ್ದರು.

ದಾವಣಗೆರೆಯ ಹಳೆಯ ಹತ್ತಿ ಗಿರಣಿಯೊಂದಕ್ಕೆ ಗಾಜು ಹಾಕಿಸಿ, ತಂಪು ಮಾಡಿಸಿ, ‘ಅಂತಃಶ್ರುತಿ’ ಎಂಬ ಜಾಹೀರಾತು ಕಂಪನಿ ತನ್ನ ಪ್ರಯೋಗಾಲಯ ಮಾಡಿಕೊಂಡಿತ್ತು. ಹಿಂದೆ ನೂಲಿನ ದೂಳು ಹಾರಾಡುತ್ತಿದ್ದ ಮೊದಲ ಮಹಡಿಯಲ್ಲಿ ಈಗ ಒಂದು ಕುರ್ಚಿ, ಎದುರಿಗೆ ಒಂದು ಪರದೆ, ಕುರ್ಚಿಯ ತೋಳಿಗೆ ನೇತುಹಾಕಿದ ಒಂದು ಮೆತ್ತನೆಯ ಪಟ್ಟಿ. ಪಟ್ಟಿಯನ್ನು ಅವಳ ಕುತ್ತಿಗೆಗೆ ಕಟ್ಟುವುದು ಜಬೀವುಲ್ಲಾನ ಕೆಲಸ. ಐವತ್ತು ದಾಟಿದ, ಗಡ್ಡಕ್ಕೆ ಮೆಹಂದಿ ಹಚ್ಚುವ ಮನುಷ್ಯ. ಆರು ವರ್ಷದಿಂದ ದಿನಾ ಕೇಳುತ್ತಿದ್ದುದು ಒಂದೇ ಪ್ರಶ್ನೆ.

“ಬಿಗಿ ಆಯ್ತೇನಕ್ಕಾ?”

“ಇಲ್ಲಣ್ಣ, ಶುರು ಮಾಡು.”

ಆಮೇಲೆ ಏಳು ತುಣುಕು ಚಿತ್ರಗಳು. ಆಸ್ಪತ್ರೆಯ ಬಾಗಿಲಲ್ಲಿ ಹೆಂಡತಿಯ ಚಪ್ಪಲಿ ಕೈಯಲ್ಲಿ ಹಿಡಿದು ಕೂತ ಮುದುಕ. ಹೊರಟ ಬಸ್ಸಿನ ಕಿಟಕಿಗೆ ಬುತ್ತಿಗಂಟು ಚಾಚುತ್ತಾ ಓಡುವ ತಾಯಿ. ಹೀಗೆ ಏಳು. ಎರಡನೆಯದರ ಹದಿನೆಂಟನೇ ಸೆಕೆಂಡಿಗೆ, ಬುತ್ತಿ ಕೈತಪ್ಪಿ ರಸ್ತೆಗೆ ಬೀಳುವಾಗ, ಸರ್ವಮಂಗಳಾಳ ಗಂಟಲು ಕಟ್ಟುತ್ತಿತ್ತು. ಎರಡು ಸಾವಿರಕ್ಕೂ ಹೆಚ್ಚು ಸಲ ನೋಡಿದ್ದಳು. ಎರಡು ಸಾವಿರ ಸಲವೂ ಅದೇ ಸೆಕೆಂಡಿಗೆ, ಅಷ್ಟೇ ಎತ್ತರಕ್ಕೆ ಕಟ್ಟಿತ್ತು.

ಇದರಿಂದ ಕಂಪನಿಗೆ ಏನು ಉಪಯೋಗ ಎಂದರೆ, ಆ ಕಾಲಕ್ಕೆ ಮನೆಮನೆಯ ಗೋಡೆಯಲ್ಲೂ ಪುಕ್ಕಟೆ ಕೊಟ್ಟ ಒಂದು ಪರದೆ ಇತ್ತು. ನೀರು ಬಿಡುವ ಹೊತ್ತು, ಕರೆಂಟು ಹೋಗುವ ಹೊತ್ತು, ಪಿಂಚಣಿದಾರರು ಇನ್ನೂ ಬದುಕಿದ್ದೇವೆ ಎಂದು ಹಾಜರಿ ಹಾಕುವುದು ಎಲ್ಲ ಅದರಲ್ಲೇ. ನಡುನಡುವೆ ಜಾಹೀರಾತು. ಪರದೆಯ ಕೆಳಗೊಂದು ಸಣ್ಣ ಕಣ್ಣು. ನೋಡುವವರ ಕುತ್ತಿಗೆಯ ಚರ್ಮ ಕೂದಲೆಳೆಯಷ್ಟು ಅಲುಗಿದರೂ ಆ ಕಣ್ಣಿಗೆ ಕಾಣುತ್ತದೆ. ಆದರೆ ಕಂಡದ್ದು ದುಃಖವೋ, ಬರೀ ಎಂಜಲು ನುಂಗಿದ್ದೋ ಎಂದು ಅದಕ್ಕೆ ತಿಳಿಯದು. ತಿಳಿಯಬೇಕಾದರೆ ಹೋಲಿಸಿ ನೋಡಲು ಒಂದು ಮಾದರಿ ಬೇಕು. ಅದೂ ಚಳಿ, ದೂಳು, ಸೆಕೆಗೆ ಕಣ್ಣಿನ ಲೆಕ್ಕ ಚೂರುಪಾರು ತಪ್ಪುವುದರಿಂದ ದಿನಾ ಹೊಸ ಮಾದರಿ ಬೇಕು. ಒಂಬತ್ತಕ್ಕೆ ಸರ್ವಮಂಗಳಾಳ ಗಂಟಲಿನ ಗೆರೆ ಇಲ್ಲಿಂದ ಹೊರಟರೆ ಒಂಬತ್ತೂಕಾಲಿಗೆ ರಾಜ್ಯದ ಎಲ್ಲ ಪರದೆಗಳೂ ಅದಕ್ಕೆ ತಮ್ಮನ್ನು ಹೊಂದಿಸಿಕೊಳ್ಳುತ್ತಿದ್ದವು. ಆಮೇಲೆ ದಿನವಿಡೀ ಜಾಹೀರಾತು ನಿಮ್ಮ ಗಂಟಲನ್ನು ನೋಡುತ್ತಲೇ ಓಡುತ್ತದೆ. ನೀವು ಕರಗದಿದ್ದರೆ ಸಂಗೀತ ಒಂದು ಗಳಿಗೆ ತಡೆಯುತ್ತದೆ, ತಾಯಿಯ ನೋಟ ಇನ್ನಷ್ಟು ಉದ್ದವಾಗುತ್ತದೆ, ಸೀರೆಯ ಬಣ್ಣ ಬದಲಾಗುತ್ತದೆ. ನಿಮ್ಮ ಗಂಟಲು ಅವಳ ಗಂಟಲಿನ ಮಟ್ಟಕ್ಕೆ ಏರಿತೋ, ತಕ್ಷಣ ಸರಕಿನ ಹೆಸರು. ನೀವು “ಹೂಂ” ಎಂದರೆ ಸಾಕು, ಸಾಮಾನು ಮನೆಗೆ ಬರುತ್ತದೆ.

ಹಾಗೆ ಅಳೆಯುವುದಕ್ಕೆ ಪ್ರಯೋಗಾಲಯದವರು ಒಂದು ಏಕಮಾನವನ್ನೂ ಮಾಡಿಕೊಂಡಿದ್ದರು. ಅದರ ಹೆಸರು ‘ಮಂಗಳಾ’. ಅರ್ಧ ಮಂಗಳಾ ಎಂದರೆ ಕಣ್ಣು ಮಿನುಗುವಷ್ಟು. ಒಂದು ಮಂಗಳಾ ಎಂದರೆ ಕೈ ಜೇಬಿಗೆ ಹೋಗುವಷ್ಟು. ಕುರ್ಚಿಯ ಬೆನ್ನಿಗೆ, ಮೂಲ ಅಳತೆ ಇವಳೇ ಎಂದು ಸಾರುವ ಹಿತ್ತಾಳೆಯ ಫಲಕ ಬೇರೆ: ‘ಮಾನಕ – ಸರ್ವಮಂಗಳಾ ಮುರಿಗೆಪ್ಪ’.

ಅವಳಿಗೆ ಇದರ ಬಗ್ಗೆ ಹೆಮ್ಮೆ ಇರಲಿಲ್ಲವೆಂದರೆ ಸುಳ್ಳಾದೀತು. ಚಿಕ್ಕಂದಿನಲ್ಲಿ ಪಕ್ಕದ ಮನೆಯ ಕರು ಸತ್ತರೆ ಎರಡು ದಿನ ಊಟ ಬಿಡುತ್ತಿದ್ದ ಹುಡುಗಿ. ಓಣಿಯಲ್ಲೆಲ್ಲ ಅಳುಬುರುಕಿ ಎಂದೇ ಹೆಸರು. ಎರಡು ವರ್ಷ ನಡೆದು ನಿಂತುಹೋದ ಮದುವೆಯಲ್ಲಿ ಗಂಡನಾದವನೂ ದೂರಿದ್ದು ಅದನ್ನೇ. ಅಂಥವಳನ್ನು, ಹತ್ತು ಸಾವಿರ ಜನರನ್ನು ಪರೀಕ್ಷಿಸಿ, ಎಲ್ಲರ ದುಃಖವೂ ಹತ್ತನೇ ಸಲಕ್ಕೆ ಹಳಸುತ್ತದೆ, ನಿಮ್ಮದೊಂದೇ ಹಳಸುವುದಿಲ್ಲ ಎಂದು ಹೇಳಿ ಕೂರಿಸಿದವರು ಪ್ರಯೋಗಾಲಯದ ಮುಖ್ಯಸ್ಥೆ ಡಾಕ್ಟರ್ ತುಂಗಾ ಹತ್ವಾರ್. ಉಡುಪಿ ಕಡೆಯವರು, ಸಣ್ಣ ದನಿಯ ಹೆಂಗಸು. ನಲವತ್ಮೂರನೇ ವಯಸ್ಸಿನಲ್ಲಿ ಒಬ್ಬರು ತನ್ನ ಅಳುವಿಗೆ ಬೆಲೆ ಕಟ್ಟಿದರು ಎಂದು ಸರ್ವಮಂಗಳಾ ಅವರನ್ನು ಮನಸಾರೆ ಗೌರವಿಸುತ್ತಿದ್ದಳು.

ಮನೆಯಲ್ಲಿ ಇದ್ದವರು ಅವಳು ಮತ್ತು ಅವಳ ಅಪ್ಪ ಮುರಿಗೆಪ್ಪನವರು. ತೂಕ ಮತ್ತು ಅಳತೆ ಇಲಾಖೆಯಲ್ಲಿ ಮೂವತ್ತೊಂಬತ್ತು ವರ್ಷ ಇನ್‌ಸ್ಪೆಕ್ಟರಾಗಿದ್ದವರು. ಅಂಗಡಿಯವರ ಒಂದು ಲೋಟ ಚಹಾ ಕುಡಿದವರಲ್ಲ. ಅವರ ಕೋಣೆಯಲ್ಲಿ ಇಂದಿಗೂ ಒಂದು ಹಳೆಯ ತಕ್ಕಡಿ, ತೇಗದ ಪೆಟ್ಟಿಗೆಯಲ್ಲಿ ತೂಕದ ಹಿತ್ತಾಳೆ ಬಟ್ಟುಗಳು, ಪಕ್ಕದಲ್ಲಿ ಮುದ್ರೆ ಒತ್ತುವ ಉಕ್ಕಿನ ಅಚ್ಚುಗಳು. ನಿವೃತ್ತಿಯ ದಿನ ಇಲಾಖೆಯವರು ನೆನಪಿಗೆಂದು ಕೊಟ್ಟದ್ದು. ಬಟ್ಟುಗಳನ್ನು ಅವರು ಬರಿಗೈಯಲ್ಲಿ ಮುಟ್ಟುತ್ತಿರಲಿಲ್ಲ. ಬೆರಳಿನ ಜಿಡ್ಡೂ ತೂಕವೇ ಎನ್ನುತ್ತಿದ್ದರು. ಸಂಜೆ ಕೂತರೆ ಸಂತೆಯ ಕಥೆ.

“ಬಟ್ಟು ಪರೀಕ್ಷೆ ಮಾಡಿದ್ರೆ ಸರಿ ಇರ್ತಿತ್ತು. ತಕ್ಕಡಿ ಮುಳ್ಳೂ ನೆಟ್ಟಗೆ. ಆದ್ರೂ ಗಿರಾಕಿ ಚೀಲ ಹಗುರ. ಎಲ್ಲಿ ಅದಾನಪ್ಪ ಕಳ್ಳ ಅಂತ ತಟ್ಟೆ ಮಗುಚಿದ್ರೆ ಅಡೀಲಿ ಅಡಿಕೆ ಗಾತ್ರದ ಹುಣಸೆಹಣ್ಣು ಅಂಟಿಸಿರ್ತಿದ್ರು. ತಟ್ಟೆ ಮಗುಚದವ ಇನ್‌ಸ್ಪೆಕ್ಟ್ರೇ ಅಲ್ಲ ಮಂಗಳಾ.”

ನೂರು ಸಲ ಕೇಳಿದ ಕಥೆ. ಅವಳು ಬೇಳೆ ಆರಿಸುತ್ತಾ ಹೂಂಗುಟ್ಟುತ್ತಿದ್ದಳು.

ಅಂಥ ಮನುಷ್ಯನ ಮನೆಯಲ್ಲಿ ಆ ವರ್ಷ ಹಾಲು ಕಾಯಿಸುವ ಪಾತ್ರೆಗಳು ಹನ್ನೊಂದಾದವು.

ಮೊದಲನೆಯದು ಬಂದಾಗ ಸರ್ವಮಂಗಳಾ ನಕ್ಕಳು. ಮೂರನೆಯದಕ್ಕೆ ಗದರಿದಳು. ಆರನೆಯದು ಬಂದಾಗ ಅಪ್ಪ ಅದನ್ನು ಮಂಚದ ಕೆಳಗೆ ಬಚ್ಚಿಟ್ಟರು. ಹನ್ನೊಂದನೆಯದು ಬಂದ ಭಾನುವಾರ ಅವಳು ಕೆಲಸ ಬಿಟ್ಟು ಅಪ್ಪನ ಹಿಂದೆ ಕೂತು ಪರದೆ ನೋಡಿದಳು.

ಅಡುಗೆಮನೆ. ಬೆಳಗಿನ ಬಿಸಿಲು. ಒಲೆಯ ಮುಂದೆ ಬೆನ್ನು ಮಾಡಿ ನಿಂತ ಒಬ್ಬ ಹೆಂಗಸು. ಹಸಿರು ಗಾಜಿನ ಬಳೆ, ನಡುವೆ ಒಂದೇ ಒಂದು ಚಿನ್ನದ ಬಳೆ. ಎಡಕ್ಕೆ ಸಿಕ್ಕಿಸಿದ ನೂಲಿನ ಸೀರೆಯ ಸೆರಗು. ಹಾಲು ಉಕ್ಕಿ ಬರುತ್ತದೆ, ಅವಳು ಬಗ್ಗಿ ಉಫ್ ಎಂದು ಊದುತ್ತಾಳೆ, ಕೈಯನ್ನು ಸೆರಗಿಗೆ ಒರೆಸಿಕೊಂಡು ಇನ್ನೇನು ಈ ಕಡೆ ತಿರುಗಬೇಕು, ಅಷ್ಟರಲ್ಲಿ ಪರದೆ ತುಂಬ ‘ಅಮೃತಕಳಶ’ ಹಾಲಿನ ಪಾತ್ರೆ.

“ಹೂಂ” ಎಂದರು ಮುರಿಗೆಪ್ಪನವರು. ಹೆಂಡತಿ ಪಾರ್ವತವ್ವ ಬದುಕಿದ್ದಾಗ ಒಳಗಿಂದ ಏನು ಕೇಳಿದರೂ ಹೀಗೇ ಹೂಂ ಎನ್ನುತ್ತಿದ್ದರು.

ಸರ್ವಮಂಗಳಾ ಎದ್ದು ಪರದೆಯ ಹತ್ತಿರ ಹೋದಳು. ಪರದೆಯ ಮೇಲೆ ನಿಂತದ್ದು ಅವಳ ಅವ್ವನ ಬೆನ್ನು. ಯಾರೂ ಅವ್ವನ ಫೋಟೋ ಕೊಟ್ಟಿರಲಿಲ್ಲ. ಯಾವಳೋ ಹೆಂಗಸಿನಿಂದ ಶುರುಮಾಡಿ, ಕೆಂಪು ಬಳೆಗೆ ಅಪ್ಪನ ಗಂಟಲು ಅಲುಗದಿದ್ದಾಗ ಹಸಿರು ತೊಡಿಸಿ, ಸೆರಗನ್ನು ಬಲದಿಂದ ಎಡಕ್ಕೆ ತಂದು, ದಿನಕ್ಕಿಷ್ಟು ತಿದ್ದಿ ತಿದ್ದಿ ಪರದೆ ಅವ್ವನನ್ನು ಮಾಡಿಕೊಂಡಿತ್ತು. ಅಳತೆಗೋಲಾಗಿ ಇಟ್ಟುಕೊಂಡದ್ದು ಮಗಳ ಗಂಟಲನ್ನು.

“ಅಪ್ಪಾ, ಮನೇಲಿ ಇರೋದು ಅರ್ಧ ಲೀಟರ್ ಹಾಲು. ಹನ್ನೊಂದು ಪಾತ್ರೆ ಯಾಕಪ್ಪಾ?”

ಮುರಿಗೆಪ್ಪನವರು ಗೋಡೆ ನೋಡುತ್ತಾ ಹೇಳಿದರು.

“ಅದೊಂದೇ ಆಗಿದ್ರೆ ಪರವಾಗಿಲ್ಲ ಮಂಗಳಾ. ನಿಮ್ಮವ್ವನ್ನ ನೆನೆಸ್ಕೊಂಡ್ರೆ ಈಗ ಬರೀ ಬೆನ್ನು ಕಾಣ್ತೈತೆ. ತಿರುಗಿದ್ಲು ಅಂದ್ರೆ ಮುಖ ಇರೋ ಜಾಗದಾಗ ಆ ಪಾತ್ರೆ. ಕಣ್ಣು ಮುಚ್ಚಿದ್ರೂ ಅದೇ. ಫೋಟೋ ನೋಡಿದ್ರೆ ಯಾರೋ ಅನ್ನಿಸ್ತೈತೆ. ನಲವತ್ತಾರು ವರ್ಷ ಸಂಸಾರ ಮಾಡಿದೀನಿ, ಅವಳ ಮುಖ ನಂಗೆ ನೆನಪಿಗೆ ಬರವಲ್ದು.”

ಅಳುಬುರುಕಿ ಎನಿಸಿಕೊಂಡವಳಿಗೆ ಆಗ ಅಳು ಬರಲಿಲ್ಲ. ಸಿಟ್ಟು ಬಂತು. ಯಾರ ಮೇಲೆ ಎಂದು ಹುಡುಕಿದರೆ ಮೊದಲು ಸಿಕ್ಕಿದ್ದು ತಾನೇ.

ಮಾರನೇ ಬೆಳಿಗ್ಗೆ ಅವಳು ಪಟ್ಟಿ ಕಟ್ಟಿಸಿಕೊಳ್ಳುವ ಮೊದಲು ಹತ್ವಾರರ ಕೋಣೆಗೆ ಹೋದಳು. ಗೋಡೆ ತುಂಬ ಜಿಲ್ಲೆಗಳ ನಕ್ಷೆ. ಜನ ಕರಗಿದ ಕಡೆ ಹಳದಿ ಚುಕ್ಕೆ ಹೊತ್ತಿಕೊಳ್ಳುತ್ತಿತ್ತು. ಅವಳು ಕೇಳಿದ್ದು ಇಷ್ಟೇ: ನಮ್ಮ ಮನೆಯ ಪರದೆಯಲ್ಲಿ ಆ ಒಂದು ಜಾಹೀರಾತು ಬೇಡ.

ಹತ್ವಾರರು ಅಪ್ಪನ ಗಂಟಲಿನ ಗೆರೆ ತೆಗೆದು ನೋಡಿದರು. ಅವರ ಮುಖ ಅರಳಿತು.

“ನಿಮ್ಮ ತಂದೆಯವರಾ ಇದು? ನಾವೆಲ್ಲ ಇದನ್ನು ಪಾಠದ ಹಾಗೆ ನೋಡ್ತೇವೆ ಮಾರಾಯ್ರೆ. ಎಷ್ಟು ಶುದ್ಧ ಉಂಟು ನೋಡಿ. ಒಂದು ಮಂಗಳಾ ಮುಟ್ಟಿ, ಅಲ್ಲೇ ನಿಲ್ತದೆ.”

“ಅವರಿಗೆ ಅವ್ವನ ಮುಖ ಮರೆತುಹೋಗೈತೆ ಮೇಡಂ.”

“ಅದು ವಯಸ್ಸು.” ಹತ್ವಾರರು ಮೆತ್ತಗೆ ಹೇಳಿದರು. “ನೋಡಿ, ಇಲ್ಲದ್ದನ್ನು ನಾವು ಯಾರ ಒಳಗೂ ಹಾಕುವುದಿಲ್ಲ. ಇದ್ದದ್ದನ್ನು ಮುಟ್ಟುವುದು ಮಾತ್ರ. ಒಬ್ಬರಿಗೆ ಹೆಂಡತಿಯ ನೆನಪು ತಂದುಕೊಟ್ಟರೆ ಅದೆಂತ ತಪ್ಪು? ಮತ್ತೆ ಒಂದು ಮನೆಯನ್ನು ಬಿಟ್ಟರೆ ನಾಳೆ ಎಲ್ಲರೂ ಕೇಳ್ತಾರೆ. ನಿಮ್ಮ ಮನಸ್ಸು ಇವತ್ತು ಸರಿ ಇಲ್ಲ, ಅಲ್ವಾ? ಪರವಾಗಿಲ್ಲ, ಕೂತುಕೊಳ್ಳಿ. ಬಸ್ಸಿನ ತಾಯಿ ಬಂದರೆ ನಿಮ್ಮ ಗಂಟಲು ಸರಿಯಾಗಿಯೇ ಹೇಳ್ತದೆ.”

ಅವಳು ಕೂತಳು. ಹದಿನೆಂಟನೇ ಸೆಕೆಂಡಿಗೆ ಗಂಟಲು ಕಟ್ಟಿತು. ಎಷ್ಟು ತಡೆದರೂ ಕಟ್ಟಿತು. ತನ್ನ ಗಂಟಲೇ ತನ್ನ ಮಾತು ಕೇಳದ ಮೇಲೆ ಮನುಷ್ಯರಿಗೆ ಆಗುವ ಅವಮಾನ ಎಂಥದ್ದೆಂದು ಅವಳಿಗೆ ಅಂದು ತಿಳಿಯಿತು. ಅವಳ ಗೆರೆ ಎಂದಿನಂತೆ ಊರೂರಿಗೆ ಹೋಯಿತು, ಅದರ ಹಿಂದೆಯೇ ಅಪ್ಪನ ಮನೆಗೂ ಹೋಯಿತು.

ಸಂಜೆ ಸಾರಿಗೆ ಹುಣಸೆ ಕಿವುಚುವಾಗ ಬೆರಳಿಗೆ ಅಂಟಿದ್ದನ್ನು ನೆಕ್ಕಿದಳು. ಹೊಸ ಹುಣಸೆ, ದವಡೆ ಜುಮ್ಮೆಂದು ಬಾಯಿ ತುಂಬ ನೀರೂರಿತು. ಗಂಟಲು ತಾನಾಗಿ ಮೇಲೆ ಹೋಗಿ ಕೆಳಗಿಳಿಯಿತು. ಅವಳು ಒಂದು ಕೈಯನ್ನು ಕುತ್ತಿಗೆಗೆ ಒತ್ತಿಕೊಂಡು ಇನ್ನೊಂದು ಚೂರು ಬಾಯಿಗೆ ಹಾಕಿದಳು. ಮತ್ತೆ ಅದೇ. ಹೊರಗೆ ಅಪ್ಪ ಯಾರಿಗೋ ಸಂತೆಯ ಕಥೆ ಹೇಳುತ್ತಿದ್ದರು. ಸರ್ವಮಂಗಳಾ ಸೌಟು ಹಿಡಿದು ಹಾಗೇ ನಿಂತುಬಿಟ್ಟಳು.

ಮಾರನೇ ದಿನ ಅವಳ ನಾಲಿಗೆಯ ಅಡಿಯಲ್ಲಿ ಅಡಿಕೆ ಗಾತ್ರದ ಹುಣಸೆ ಇತ್ತು.

ಜಬೀವುಲ್ಲಾ ಪಟ್ಟಿ ಕಟ್ಟುತ್ತಾ “ಬಿಗಿ ಆಯ್ತೇನಕ್ಕಾ?” ಎಂದ. ಅವಳು ತಲೆಯಾಡಿಸಿದಳು. ಅವನು ಮೂಗರಳಿಸಿದ. ಅವಳ ಮುಖವನ್ನೊಮ್ಮೆ ನೋಡಿದ. ಆಮೇಲೆ ಏನೂ ಕೇಳದೆ ಗುಂಡಿ ಒತ್ತಿದ.

ಬಸ್ಸಿನ ತಾಯಿ ಓಡುವ ಮೊದಲೇ ಗಂಟಲು ಆಡತೊಡಗಿತ್ತು. ಹುಳಿ ಇಳಿದಂತೆಲ್ಲ ಮೇಲೆ ಕೆಳಗೆ, ಮೇಲೆ ಕೆಳಗೆ. ಬುತ್ತಿ ಬಿದ್ದಾಗ ಕಟ್ಟಿದ್ದು ಆ ಗಲಾಟೆಯಲ್ಲಿ ಎಲ್ಲೋ ಮುಳುಗಿಹೋಯಿತು. ಒಂಬತ್ತೂಕಾಲಿಗೆ ರಾಜ್ಯದ ಪರದೆಗಳೆಲ್ಲ, ದುಃಖವೆಂದರೆ ಹೀಗೆ ಕಾಣುತ್ತದೆ ಎಂದು ಹುಳಿಯ ಗುಟುಕನ್ನು ಕಲಿತುಕೊಂಡವು. ಸಿಕ್ಕಿಬೀಳಬಾರದೆಂದು ದಿನಾ ಹಾಕುತ್ತಲೂ ಇರಲಿಲ್ಲ ಅವಳು. ಒಂದು ದಿನ ದೊಡ್ಡ ಚೂರು, ಒಂದು ದಿನ ಸಣ್ಣದು, ಎರಡು ದಿನ ಇಲ್ಲವೇ ಇಲ್ಲ. ಅಂಗಡಿಯವರ ಬುದ್ಧಿಯೆಲ್ಲ ಅಪ್ಪನ ಕಥೆಗಳಲ್ಲೇ ಕಲಿತಾಗಿತ್ತು.

ಹದಿನೈದು ದಿನಕ್ಕೆ ಊರಿನಲ್ಲಿ ತಮಾಷೆ ಶುರುವಾಯಿತು. ಎದುರು ಮನೆಯ ಲೀಲಾವತಕ್ಕ ಉಪ್ಪಿನಕಾಯಿ ನೆಕ್ಕಿದಾಗೆಲ್ಲ ಜೀವವಿಮೆಯ ಹೆಸರು ಹಾರಿಬರುತ್ತಿತ್ತು. ಕಾಫಿ ಕುಡಿಯುತ್ತಾ ಕೂತವರ ಮುಂದೆ ಗುಟುಕಿಗೊಂದು ಬಂಗಾರದ ಅಂಗಡಿ. ಅದೇ ನಿಜವಾಗಿ ಗಂಟಲು ಕಟ್ಟಿದವರನ್ನು ಪರದೆ ಗುರುತಿಸುತ್ತಲೇ ಇರಲಿಲ್ಲ. ಇನ್ನೂ ಕರಗಿಲ್ಲ ಎಂದುಕೊಂಡು ಚಿತ್ರವನ್ನು ಎಳೆಯುತ್ತಲೇ ಇತ್ತು. ಗಡಿ ಕಾಯುವ ಮಗನ ಕಾಗದ ಓದುವ ತಂದೆ ಮುಕ್ಕಾಲು ಗಂಟೆ ಒಂದೇ ಸಾಲು ಓದಿದ. ಮೊದಲ ಐದು ನಿಮಿಷ ಅತ್ತವರು ಆಮೇಲೆ ಬೇಸತ್ತು, ಕಡೆಗೆ ನಗತೊಡಗಿದರು.

ಗಿರಣಿಯಲ್ಲಿ ಯಾರೂ ನಗಲಿಲ್ಲ. ನಕ್ಷೆಯ ಚುಕ್ಕೆಗಳು ಊಟದ ಹೊತ್ತಿಗೆ ಹೊತ್ತಿ ಉಳಿದಂತೆ ಆರುತ್ತಿದ್ದವು. ಹತ್ವಾರರು ಪಟ್ಟಿ ಬದಲಿಸಿದರು. ಕೋಣೆಯ ತೇವ ಅಳೆದರು. ಪರದೆಯ ಕಣ್ಣುಗಳನ್ನು ತರಿಸಿ ಬಿಚ್ಚಿ ನೋಡಿದರು. ಸರ್ವಮಂಗಳಾಳ ನಿದ್ದೆ, ನಾಡಿ, ರಕ್ತ ಎಲ್ಲ ಪರೀಕ್ಷೆಯಾಯಿತು. ಇಷ್ಟೆಲ್ಲ ಓದಿದ ಒಬ್ಬರಿಗೂ ಬಾಯಿ ತೆಗೆಸಿ ನೋಡಬೇಕೆಂದು ಹೊಳೆಯಲಿಲ್ಲ. ಅವರಿಗೆ ಅವಳು ಮಾನಕ. ಮಾನಕ ತಪ್ಪಿದರೆ ಅಳೆಯುವ ಯಂತ್ರವೇ ತಪ್ಪಿರಬೇಕು ಎಂಬುದು ಅವರ ವಿದ್ಯೆ.

ಹೊಳೆದದ್ದು ಮುರಿಗೆಪ್ಪನವರಿಗೆ.

ಒಂದು ಮಧ್ಯಾಹ್ನ ಅವರು ಪರದೆಯ ಮುಂದೆ ಕೂತಿದ್ದರು. ಒಲೆಯ ಮುಂದಿನ ಬೆನ್ನು ನಲವತ್ತು ನಿಮಿಷದಿಂದ ಅಲ್ಲೇ ನಿಂತಿತ್ತು. ಹಾಲು ಕಂಠದವರೆಗೆ ಬರುತ್ತದೆ, ಉಕ್ಕುವುದಿಲ್ಲ. ಹೆಂಗಸು ಬಗ್ಗುತ್ತಾಳೆ, ತಿರುಗುವುದಿಲ್ಲ.

“ಗ್ಯಾಸ್ ತೀರಿರಬೇಕು” ಎಂದರು ಮುರಿಗೆಪ್ಪನವರು. ಆಮೇಲೆ ಕನ್ನಡಕ ತೆಗೆದು ಪಂಚೆಗೆ ಒರೆಸಿ ಮತ್ತೆ ಹಾಕಿಕೊಂಡರು. ದನಿ ಬೇರೆಯಾಯಿತು. “ಬಟ್ಟು ಸರಿ ಐತೆ, ಮುಳ್ಳು ಸರಿ ಐತೆ, ತೂಕ ಮಾತ್ರ ತಪ್ಪು. ಯಾರೋ ತಟ್ಟೆ ಅಡೀಲಿ ಏನೋ ಅಂಟಿಸ್ಯಾರೆ.”

ಪರದೆಗೆ ಅಳತೆ ಕೊಡುವುದು ಮಗಳ ಗಂಟಲೆಂದು ಬಲ್ಲ ಅವರು ಎದ್ದು ಅಡುಗೆಮನೆಗೆ ಹೋದರು. ಹುಣಸೆಯ ಜಾಡಿಯ ಮುಚ್ಚಳ ತೆಗೆದು ನೋಡಿದರು. ವರ್ಷಕ್ಕಾಗುವಷ್ಟು ತುಂಬಿಸಿದ್ದ ಜಾಡಿ ಅರ್ಧಕ್ಕಿಳಿದಿತ್ತು. ಕೆಲಸ ಮುಗಿಸಿ ಆಗಷ್ಟೇ ಬಂದ ಸರ್ವಮಂಗಳಾ ಬಾಗಿಲಲ್ಲೇ ನಿಂತಳು.

“ಬಾಯಿ ತೆಗಿ” ಎಂದರು ಅಪ್ಪ.

ಅವಳು ತೆಗೆದಳು. ಹುಳಿ ತಿಂದು ತಿಂದು ನಾಲಿಗೆಯ ಅಡಿ ಸುಲಿದು ಕೆಂಪಾಗಿತ್ತು. ಮುರಿಗೆಪ್ಪನವರು ಕುರ್ಚಿ ಎಳೆದುಕೊಂಡು ಕೂತರು.

“ಮೂವತ್ತೊಂಬತ್ತು ವರ್ಷ ಊರೂರ ಸಂತೆ ಅಲೆದು ಕಳ್ಳತೂಕ ಹಿಡಿದೆ. ಕೊನೇದು ನನ್ನ ಮನೇಲೇ ಇತ್ತಾ?”

“ನಿನ್ ಸಲುವಾಗಿ ಮಾಡಿದೆ ಅಪ್ಪಾ.”

“ಅಂಗಡಿಯವರೆಲ್ಲ ಹಂಗೇ ಅಂತಿದ್ರು. ಮಕ್ಕಳ ಸಲುವಾಗಿ ಮಾಡಿದ್ವಿ ಸಾಹೇಬ್ರೇ ಅಂತಿದ್ರು.”

ಸರ್ವಮಂಗಳಾಳ ದನಿ ಏರಿತು. ಅಪ್ಪನೆದುರು ಅಷ್ಟು ಗಟ್ಟಿಯಾಗಿ ಅವಳು ಮಾತಾಡಿದ್ದು ಅದೇ ಮೊದಲು. “ಹಂಗಾದ್ರೆ ಏನು ಮಾಡಬೇಕಿತ್ತು? ನನ್ನ ಗಂಟಲು ನಿಜ ಹೇಳಿದ್ರೆ ಅವರು ಅದನ್ನ ಹಿಡ್ಕೊಂಡು ನಿನ್ನ ಎದೆ ಬಗೀತಾರೆ. ಅವ್ವನ ಮುಖಾನೇ ಕಿತ್ಕೊಂಡು ಹೋದ್ರಲ್ಲ. ಅಂಥವರಿಗೆ ಸರಿ ತೂಕ ಕೊಡಬೇಕಾ ನಾನು?”

ತಪ್ಪು ಒಪ್ಪು ತೂಗದೆ ಮಾತಾಡುವ ಅಭ್ಯಾಸ ಮುರಿಗೆಪ್ಪನವರಿಗಿರಲಿಲ್ಲ.

“ಕೊಡಬೇಡ” ಎಂದರು ಕಡೆಗೆ. “ಆದ್ರೆ ಕದ್ದು ಮಾಡಬೇಡ. ಕದ್ದು ಮಾಡಿದ್ರೆ ನಾಳೆ ತಟ್ಟೆ ತೊಳೆದು ಮತ್ತೆ ಅದ್ರಾಗೇ ತೂಗ್ತಾರೆ. ನಾವು ಸುಳ್ಳು ಬಟ್ಟು ಹಿಡಿದ್ರೆ ಏನು ಮಾಡ್ತಿದ್ವಿ ಹೇಳು?”

“ಸಂತೆ ನಡುವೆ ಇಟ್ಟು, ಜನ ನೋಡೋ ಹಂಗೆ ಮುದ್ರೆ ಹೊಡೀತಿದ್ರಿ.”

“ಯಾವ ಮುದ್ರೆ?”

“ಕತ್ತರಿ ಗುರುತು. ಇನ್ನೊಮ್ಮೆ ಯಾರೂ ಅದರಲ್ಲಿ ತೂಗದ ಹಂಗೆ.”

ಅವರು ಎದ್ದು ತೇಗದ ಪೆಟ್ಟಿಗೆ ತೆಗೆದರು.

ಆ ವಾರ ಗಿರಣಿಯಲ್ಲಿ ವಾರ್ಷಿಕ ತಪಾಸಣೆ. ಬಂಗಾರ, ವಿಮೆ, ತಲೆಗೆಣ್ಣೆ, ಪಾತ್ರೆ ಎಲ್ಲ ಕಂಪನಿಗಳ ದೊಡ್ಡವರು ಬಂದು ಮಾನಕವನ್ನು ಕಣ್ಣಾರೆ ಕಂಡು, ನಂಬಿಕೆ ಇಟ್ಟು ಹೋಗುವ ದಿನ. ಈ ಸಲ ನಂಬಿಕೆ ಸ್ವಲ್ಪ ಅಲುಗಿದ್ದರಿಂದ ಇನ್ನೂ ಹೆಚ್ಚು ಜನ ಬಂದಿದ್ದರು. ಸುಮಾರು ಮೂವತ್ತು ಮಂದಿ ಗೋಡೆಯ ಉದ್ದಕ್ಕೂ ನಿಂತಿದ್ದರು. ಹತ್ವಾರರು ಬಿಳಿ ಕೋಟು ಹಾಕಿಕೊಂಡು, ಇವರೇ ನಮ್ಮ ಮಂಗಳಾ ಎಂದು ಪರಿಚಯ ಮಾಡಿಕೊಟ್ಟರು. ಯಾರೋ ಚಪ್ಪಾಳೆ ತಟ್ಟಿದರು.

ಜಬೀವುಲ್ಲಾ ಪಟ್ಟಿ ಎತ್ತಿಕೊಂಡ. “ಬಿಗಿ…” ಎಂದು ಶುರುಮಾಡಿದವನನ್ನು ಸರ್ವಮಂಗಳಾ ಕೈಸನ್ನೆಯಿಂದ ತಡೆದಳು. ಬಾಯಿಗೆ ಎರಡು ಬೆರಳು ಹಾಕಿ ಹುಣಸೆಯ ಚೂರು ತೆಗೆದು ಕುರ್ಚಿಯ ಬಿಳಿ ತೋಳಿನ ಮೇಲೆ ಇಟ್ಟಳು.

“ಇದು ನಿಮ್ಮ ಮಾನಕ. ಇಷ್ಟು ದಿನ ನೀವು ಅಳೆದದ್ದು ಇದನ್ನ.”

ಹತ್ವಾರರು ಹತ್ತಿರ ಬಂದು ಬಗ್ಗಿ ನೋಡಿದರು. ಬುದ್ಧಿವಂತೆ, ಒಂದೇ ಕ್ಷಣದಲ್ಲಿ ಎಲ್ಲ ಅರ್ಥವಾಯಿತು. ದನಿ ಮಾತ್ರ ಏರಲಿಲ್ಲ.

“ಯಾವ ಯಾವ ದಿನ ಇಟ್ಟುಕೊಂಡಿದ್ರಿ? ಅಷ್ಟು ಹೇಳಿ ಸಾಕು. ಆ ದಿನಗಳನ್ನು ತೆಗೆದುಹಾಕ್ತೇವೆ. ನಿಮ್ಮ ಮೇಲೆ ಎಂತದೂ ಕ್ರಮ ಇಲ್ಲ.”

“ಹೇಳಲ್ಲ.”

“ಸರ್ವಮಂಗಳಾ, ಪ್ರತಿ ದಿನದ ಗೆರೆಯನ್ನು ಹಿಂದಿನ ದಿನದ್ದಕ್ಕೆ ಪೋಣಿಸಿಕೊಂಡು ಬಂದದ್ದು ನಾವು. ಯಾವತ್ತಿನಿಂದ ಶುರು, ಯಾವುದು ಸರಿ ಯಾವುದು ತಪ್ಪು ಗೊತ್ತಾಗದಿದ್ದರೆ ಆರು ವರ್ಷದ ಲೆಕ್ಕವೇ ಹೋಗ್ತದೆ.”

“ಗೊತ್ತು. ಅದಕ್ಕೇ ಹೇಳಲ್ಲ.”

ಬಂಗಾರದ ಕಂಪನಿಯವರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಹತ್ವಾರರ ಕೆನ್ನೆ ಮೊದಲ ಸಲ ಕೆಂಪಾಯಿತು.

“ಸರಿ. ಬೇರೆಯವರನ್ನು ಹುಡುಕ್ತೇವೆ.”

“ಹುಡುಕ್ರಿ. ಅವರ ಮನೇಲೂ ಹುಣಸೆ ಇರ್ತೈತೆ.”

ಯಾರೋ ಹಿಂದೆ ಕಿಸಕ್ಕೆಂದರು. ನೋಡಿದರೆ ಜಬೀವುಲ್ಲಾ. ಪಟ್ಟಿಯನ್ನು ನೆಲಕ್ಕೆ ಬಿಟ್ಟು ಗಡ್ಡ ಸವರಿಕೊಳ್ಳುತ್ತಿದ್ದ.

“ಕೋರ್ಟಿಗೆ ಹೋಗಬೇಕಾಗ್ತದೆ” ಎಂದರು ಹತ್ವಾರರು.

“ಬರ್ತೀನಿ ಮೇಡಂ. ಕಾಲು ಕೆಜಿ ಕಡಲೆ ತೂಗೋ ಮುದುಕಿ ತಕ್ಕಡಿಗೂ ಸರ್ಕಾರದ ಮುದ್ರೆ ಬೇಕು. ಇಡೀ ರಾಜ್ಯದ ಜನರ ಸಂಕಟ ತೂಗಿ ವ್ಯಾಪಾರ ಮಾಡ್ತೀರಲ್ಲ, ನಿಮ್ಮ ತಕ್ಕಡಿಗೆ ಮುದ್ರೆ ಹಾಕಿದವರು ಯಾರು ಅಂತ ನಾನೂ ಅಲ್ಲಿ ಕೇಳ್ತೀನಿ. ನನ್ನ ಅಪ್ಪ ನಿಮ್ಮ ಪಾಠ ಅಲ್ಲ. ನನ್ನ ಅವ್ವ ನಿಮ್ಮ ಪಾತ್ರೆ ಅಲ್ಲ. ಇದು ನನ್ನ ಗಂಟಲು, ನಂಗೆ ಬಂದಾಗ ಅಳ್ತೀನಿ.”

ಸೆರಗಿನೊಳಗಿಂದ ಅವಳು ಉಕ್ಕಿನ ಅಚ್ಚನ್ನೂ ಸಣ್ಣ ಸುತ್ತಿಗೆಯನ್ನೂ ತೆಗೆದಳು. ಕುರ್ಚಿಯ ಹಿಂದೆ ಹೋಗಿ ಹಿತ್ತಾಳೆ ಫಲಕದ ಮೇಲೆ, ತನ್ನ ಹೆಸರಿನ ನಟ್ಟನಡುವೆ, ಅಚ್ಚನ್ನು ನೆಟ್ಟಗೆ ಹಿಡಿದು ಹೊಡೆದಳು. ಮೊದಲ ಏಟು ಜಾರಿತು. ಎರಡನೆಯದಕ್ಕೆ ಕತ್ತರಿ ಗುರುತು ಆಳವಾಗಿ ಕೂತಿತು. ಅಳುಬುರುಕಿಯ ಕಣ್ಣು ಪೂರ್ತಿ ಒಣಗಿತ್ತು. ಅವಳು ಮೆಟ್ಟಿಲಿಳಿದು ಬಿಸಿಲಿಗೆ ಬಂದಳು.

ಮನೆಗೆ ಬಂದಾಗ ಇನ್ನೂ ಹನ್ನೆರಡೂವರೆ. ಆ ದಿನದ ಗೆರೆ ಬಾರದ ಪರದೆಯಲ್ಲಿ ನೀರು ಬಿಡುವ ಹೊತ್ತು ಬಿಟ್ಟರೆ ಬೇರೇನೂ ಇರಲಿಲ್ಲ. ನಾಳೆ ಏನು ಬರುತ್ತದೋ ಅವಳಿಗೆ ತಿಳಿಯದು. ಮುರಿಗೆಪ್ಪನವರು ತಕ್ಕಡಿ ಒರೆಸುತ್ತಾ ಕೂತಿದ್ದರು.

“ಹೊಡೆದ್ಯಾ?”

“ಹೊಡೆದೆ. ಒಂದೇಟು ಜಾರ್ತು.”

“ಮೊದಲ ಸಲ ಎಲ್ಲರಿಗೂ ಜಾರ್ತೈತೆ.” ಅವರು ಅಚ್ಚನ್ನು ಬಟ್ಟೆಯಲ್ಲಿ ಹಿಡಿದು ಪೆಟ್ಟಿಗೆಗೆ ಇಟ್ಟರು.

ಅವಳು ಸೆರಗಿನ ಗಂಟು ಬಿಚ್ಚಿದಳು. ಬೇಕಾದರೆ ಇರಲಿ ಎಂದು ಬೆಳಿಗ್ಗೆ ಕಟ್ಟಿಕೊಂಡಿದ್ದ ಇನ್ನೊಂದು ಹುಣಸೆಯ ಉಂಡೆ ಅಲ್ಲೇ ಇತ್ತು. ಅದನ್ನು ಮೇಜಿನ ಮೇಲಿಟ್ಟು ಒಳಗೆ ಹೊರಟವಳು, ಅಪ್ಪ ನಕ್ಕದ್ದು ಕೇಳಿ ತಿರುಗಿದಳು. ಅವರು ಉಂಡೆಯನ್ನು ಎರಡು ಬೆರಳಲ್ಲಿ ಹಿಡಿದು ನೋಡುತ್ತಿದ್ದರು. ಮೊದಲು ಸಣ್ಣಗೆ, ಆಮೇಲೆ ಮೈಯೆಲ್ಲ ಕುಣಿಯುವಂತೆ ನಗು.

“ಏನಾಯ್ತಪ್ಪಾ?”

“ನಿಂಗೆ ಹೇಳೇ ಇಲ್ಲ ನಾನು. ಯಾರಿಗೂ ಹೇಳಿಲ್ಲ, ಮರ್ಯಾದೆ ಪ್ರಶ್ನೆ ನೋಡು. ಮದುವೆ ಆಗಿ ಎರಡು ತಿಂಗಳು. ಮನೇಲೇ ತಕ್ಕಡಿ ಇಟ್ಕೊಂಡು ದಿನಾ ಅಭ್ಯಾಸ ಮಾಡ್ತಿದ್ದೆ. ಮೂರು ದಿನ ಮುಳ್ಳು ವಾಲ್ತೈತೆ. ಬಟ್ಟು ಬದಲಿಸ್ದೆ, ದಾರ ಬದಲಿಸ್ದೆ, ಸಾಹೇಬ್ರಿಗೆ ಕಾಗದ ಬರೆಯಾಕೆ ಕೂತೆ. ಆಗ ಹಿಂದಿನಿಂದ ಕಿಸಕ್ ಅಂದ್ಲು. ತಟ್ಟೆ ಮಗುಚಿದ್ರೆ ಹುಣಸೆಹಣ್ಣು. ಊರಿಗೆಲ್ಲ ತಟ್ಟೆ ಮಗುಚ್ತೀರಿ, ಮನೇದು ಯಾರು ಮಗುಚಬೇಕು ಸಾಹೇಬ್ರೇ, ಅಂದ್ಲು ನಿಮ್ಮವ್ವ.”

ಸರ್ವಮಂಗಳಾ ಹತ್ತಿರ ಬಂದಳು. ಕೇಳಬೇಕೋ ಬೇಡವೋ ಎಂದು ಹೆದರಿಕೆ. ಆದರೂ ಕೇಳಿದಳು.

“ಮುಖ ಕಂಡ್ತಾ ಅಪ್ಪಾ?”

“ಕಂಡ್ತು.” ಮುರಿಗೆಪ್ಪನವರ ನಗು ಅಳುವಾಗಿತ್ತು, ಎಲ್ಲಿ ಆಯಿತೆಂದು ತಿಳಿಯಲಿಲ್ಲ. “ಬಾಗಿಲ ಸಂದೀಲಿ ನಿಂತು ಸೆರಗು ಬಾಯಿಗೆ ಒತ್ಕೊಂಡಿದ್ಲು. ಮೇಲಿನ ಹಲ್ಲು ಒಂದು ಸೊಟ್ಟ ಇತ್ತಲ್ಲ, ಅದೂ ಕಾಣ್ತೈತೆ.”

ಅವಳಿಗೂ ಅಳು ಬಂತು. ಅದನ್ನು ಒರೆಸಿಕೊಳ್ಳದೆ ಅಪ್ಪನ ಪಕ್ಕ ನೆಲದಲ್ಲಿ ಕೂತಳು. ಮುರಿಗೆಪ್ಪನವರು ತಕ್ಕಡಿಯ ಎಡ ತಟ್ಟೆಯನ್ನು ಮಗುಚಿ, ಬರಿಗೈಯಲ್ಲಿ, ಹುಣಸೆಯ ಉಂಡೆಯನ್ನು ಅದರ ಅಡಿಗೆ ಒತ್ತಿ ಅಂಟಿಸಿದರು. ಆಮೇಲೆ ತಕ್ಕಡಿ ಎತ್ತಿ ಹಿಡಿದು, ವಾಲಿದ ಮುಳ್ಳನ್ನು ಇಬ್ಬರೂ ನೋಡುತ್ತಾ ಕೂತರು.